ಕಣ್ಣಾರೆ ಕಂಡವರ ಮಾತು, ಪ್ರಯೋಗಾಲಯದ ವರದಿ: ಅಪೀಲಿನಲ್ಲಿ ಯಾವುದಕ್ಕೆ ತೂಕ?

ನೀವು ಬರೆದಿರುವುದು ಇಷ್ಟು: ಚಿಕ್ಕಪ್ಪನ ಮಗನಿಗೆ ಕೊಲೆ ಪ್ರಕರಣದಲ್ಲಿ ಸೆಷನ್ಸ್ ನ್ಯಾಯಾಲಯ ಜೀವಾವಧಿ ಶಿಕ್ಷೆ ವಿಧಿಸಿದೆ. ರಾತ್ರಿ ಹತ್ತರ ಸುಮಾರಿಗೆ ಮಚ್ಚಿನಿಂದ ಹೊಡೆದದ್ದನ್ನು ಕಂಡೆವು ಎಂದು ಮೃತನ ಅಣ್ಣ ಮತ್ತು ಪಕ್ಕದ ಮನೆಯವರು ಸಾಕ್ಷಿ ಹೇಳಿದ್ದಾರೆ. ಆದರೆ ಮಚ್ಚಿನ ಮೇಲಿದ್ದ ರಕ್ತದ ಗುಂಪು ಗೊತ್ತಾಗಲಿಲ್ಲ ಎಂದು ವಿಧಿವಿಜ್ಞಾನ ಪ್ರಯೋಗಾಲಯದ ವರದಿ ಹೇಳುತ್ತದೆ. ಮರಣೋತ್ತರ ಪರೀಕ್ಷೆಯ ವರದಿಯಲ್ಲಿ ತಲೆಯ ಮೇಲಿನದು ಕೊಯ್ದ ಗಾಯವಲ್ಲ, ಜಜ್ಜಿ ಹರಿದ ಗಾಯ ಎಂದಿದೆ. ‘ವಿಜ್ಞಾನವೇ ಸಾಕ್ಷಿಗಳ ಮಾತನ್ನು ಒಪ್ಪದಿರುವಾಗ ಹೈಕೋರ್ಟ್ ಖುಲಾಸೆ ಮಾಡಲೇಬೇಕಲ್ಲವೇ?’ ಎನ್ನುವುದು ನಿಮ್ಮ ಪ್ರಶ್ನೆ.

ನಾನು ಹೆಚ್ಚಾಗಿ ಕ್ರಿಮಿನಲ್ ಅಪೀಲುಗಳನ್ನೇ ನಡೆಸುವ ವಕೀಲ. ಕಡತ ನೋಡದೆ ಫಲಿತಾಂಶ ಹೇಳುವ ವಕೀಲರನ್ನು ನಂಬಬೇಡಿ, ನಾನೂ ಹೇಳುವುದಿಲ್ಲ. ಆದರೆ ‘ಮಾಡಲೇಬೇಕು’ ಎಂಬ ನಿಯಮ ಇಲ್ಲ ಎಂದಷ್ಟನ್ನು ಖಚಿತವಾಗಿ ಹೇಳಬಲ್ಲೆ.

ವೈದ್ಯರದೂ ಪ್ರಯೋಗಾಲಯದ್ದೂ ಕಾನೂನಿನ ಕಣ್ಣಲ್ಲಿ ತಜ್ಞರ ಅಭಿಪ್ರಾಯ. ಹಳೆಯ ಸಾಕ್ಷ್ಯ ಅಧಿನಿಯಮದ 45ನೇ ಕಲಂ ಇದನ್ನೇ ಹೇಳುತ್ತಿತ್ತು, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ ಅದು 39ನೇ ಕಲಂ ಆಗಿದೆ. ಕಂಡವನು ಹೇಳುವುದು ನಡೆದ ಸಂಗತಿ. ಎರಡಕ್ಕೂ ತಾಳೆಯಾಗದಿದ್ದರೆ ಏನು ಮಾಡಬೇಕು ಎಂಬುದನ್ನು ಸುಪ್ರೀಂ ಕೋರ್ಟ್ 1983ರಲ್ಲಿ ಗುಜರಾತಿನ ಸೋಲಂಕಿ ಚಿಮನ್‌ಭಾಯಿ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ: ಸಾಕ್ಷಿ ಹೇಳಿದ ರೀತಿಯಲ್ಲಿ ಆ ಗಾಯ ಆಗಲು ಸಾಧ್ಯವೇ ಇಲ್ಲ ಎನ್ನುವ ಮಟ್ಟಕ್ಕೆ ವೈದ್ಯಕೀಯ ಸಾಕ್ಷ್ಯ ಹೋಗದ ಹೊರತು ಪ್ರತ್ಯಕ್ಷದರ್ಶಿಯ ಮಾತನ್ನು ತಳ್ಳಿಹಾಕುವಂತಿಲ್ಲ. ‘ಹೊಂದುವುದಿಲ್ಲ’ ಎಂಬುದು ಬೇರೆ, ‘ಸಾಧ್ಯವಿಲ್ಲ’ ಎಂಬುದು ಬೇರೆ. ಅಪೀಲಿನ ವಾದವೆಲ್ಲ ಈ ಎರಡರ ನಡುವೆಯೇ ನಡೆಯುತ್ತದೆ.

ಈ ಅಳತೆಯಲ್ಲಿ ನಿಮ್ಮ ರಕ್ತದ ಗುಂಪಿನ ಅಂಶ ದುರ್ಬಲ. ಒಣಗಿ ಕೆಟ್ಟ ರಕ್ತದಲ್ಲಿ ಗುಂಪು ಸಿಗದಿರುವುದು ದಿನನಿತ್ಯದ ಮಾತು. ಅದರಿಂದ ಪ್ರಾಸಿಕ್ಯೂಷನ್ ಒಂದು ಆಸರೆ ಕಳೆದುಕೊಂಡಿತೇ ಹೊರತು ಸಾಕ್ಷಿಗಳು ಸುಳ್ಳು ಹೇಳಿದರು ಎಂದಾಗುವುದಿಲ್ಲ. ಕಂಡವರು ಯಾರೂ ಇಲ್ಲದೆ, ಮಚ್ಚು ಸಿಕ್ಕಿತೆಂಬ ಒಂದೇ ಕಾರಣಕ್ಕೆ ಶಿಕ್ಷೆಯಾಗಿದ್ದರೆ ಕಥೆ ಬೇರೆಯಾಗುತ್ತಿತ್ತು.

ಗಾಯದ ಅಂಶಕ್ಕೆ ಮಾತ್ರ ಜೀವವಿದೆ. ಮಚ್ಚಿನ ಅಲಗು ತಗುಲಿದರೆ ಅಂಚು ನೇರವಾಗಿ ಕೊಯ್ದಂತಿರಬೇಕು. ಜಜ್ಜಿ ಹರಿದ ಗಾಯ ಸಾಮಾನ್ಯವಾಗಿ ಮೊಂಡು ವಸ್ತುವಿನಿಂದ ಆಗುವಂಥದ್ದು. ಇಲ್ಲಿ ಸರ್ಕಾರಿ ಅಭಿಯೋಜಕರು ವೈದ್ಯರನ್ನು ‘ಮಚ್ಚಿನ ಹಿಂಬದಿಯಿಂದ ಹೊಡೆದರೆ ಹೀಗಾಗಬಹುದೇ?’ ಎಂದು ಕೇಳಿ, ವೈದ್ಯರು ‘ಆಗಬಹುದು’ ಎಂದುಬಿಟ್ಟಿರುತ್ತಾರೆ; ಸೆಷನ್ಸ್ ತೀರ್ಪು ಅದನ್ನೇ ಹಿಡಿದುಕೊಂಡಿರುತ್ತದೆ. ಆದರೆ ಅಷ್ಟು ಸಾಕಾಗುವುದಿಲ್ಲ. 1974ರ ಹಲ್ಲೂ ವಿರುದ್ಧ ಮಧ್ಯಪ್ರದೇಶ ರಾಜ್ಯ ತೀರ್ಪಿನ ಪ್ರಕಾರ, ಕೊಡಲಿ ಅಥವಾ ಭರ್ಜಿಯಿಂದ ಹೊಡೆದ ಎಂದು ಸಾಕ್ಷಿ ಹೇಳಿದರೆ ಮೊಂಡು ಬದಿಯಿಂದ ಹೊಡೆದ ಎಂದು ನ್ಯಾಯಾಲಯ ತಾನೇ ಊಹಿಸಿಕೊಳ್ಳುವಂತಿಲ್ಲ. ಸಾಕ್ಷಿಯ ಮಾತಿನ ಅರ್ಥ ಅದೇ ಆಗಿದ್ದರೆ ಅವನಿಂದಲೇ ವಿವರಣೆ ಪಡೆಯಬೇಕಾದದ್ದು ಪ್ರಾಸಿಕ್ಯೂಷನ್ನಿನ ಹೊಣೆ. ಆದ್ದರಿಂದ ವೈದ್ಯರು ಏನೆಂದರು ಎಂಬುದಕ್ಕಿಂತ, ಹಿಂಬದಿಯ ಮಾತನ್ನು ಆ ಅಣ್ಣ ತನ್ನ ಬಾಯಿಂದ ಹೇಳಿದ್ದಾನೆಯೇ ಎಂದು ನೋಡಿ. ಹೇಳಿದ್ದರೆ, ಪೊಲೀಸರ ಮುಂದೆ ಮೊದಲ ಹೇಳಿಕೆಯಲ್ಲೇ ಹೇಳಿದ್ದನೇ, ಸಾಕ್ಷಿಕಟ್ಟೆಗೆ ಬಂದ ಮೇಲೆ ಸೇರಿಸಿದನೇ?

ಇನ್ನು, ಅಣ್ಣ ಎಂಬ ಕಾರಣಕ್ಕೇ ಅವನ ಸಾಕ್ಷ್ಯ ಬಿದ್ದುಹೋಗುವುದಿಲ್ಲ. ಒಡಹುಟ್ಟಿದವನನ್ನು ಕೊಂದವನನ್ನು ಬಿಟ್ಟು ಬೇರೊಬ್ಬನ ಹೆಸರು ಯಾಕೆ ಹೇಳುತ್ತಾನೆ ಎಂದು ನ್ಯಾಯಮೂರ್ತಿಗಳು ಕೇಳಿಯೇ ಕೇಳುತ್ತಾರೆ. ವಡಿವೇಲು ತೇವರ್ ಪ್ರಕರಣದಲ್ಲಿ, 1957ರಲ್ಲಿ, ಸಾಕ್ಷಿಗಳನ್ನು ಮೂರು ಬಗೆಯಾಗಿ ವಿಂಗಡಿಸಲಾಯಿತು: ಪೂರ್ತಿ ನಂಬಬಹುದಾದವರು, ಸ್ವಲ್ಪವೂ ನಂಬಲಾಗದವರು, ಎರಡೂ ಅಲ್ಲದವರು. ಮೊದಲನೆಯ ಬಗೆಯಾದರೆ ಒಬ್ಬನೇ ಸಾಕು. ಹೊರಗಿನ ಪುಷ್ಟಿ ಬೇಕಾಗುವುದು ಮೂರನೆಯ ಬಗೆಗೆ, ಪ್ರಯೋಗಾಲಯದ ವರದಿ ನಿಜವಾಗಿ ಕೆಲಸಕ್ಕೆ ಬರುವುದೂ ಅಲ್ಲಿಯೇ. ನಿಮ್ಮ ಸಾಕ್ಷಿಗಳನ್ನು ಆ ಮೂರನೆಯ ಸಾಲಿಗೆ ತಂದು ನಿಲ್ಲಿಸುವುದೇ ನಿಮ್ಮ ವಕೀಲರ ಕೆಲಸ.

ಅದಕ್ಕೆ ಬೆಳಕಿನ ವಿಚಾರ ತೆಗೆದುಕೊಳ್ಳಿ. ರಾತ್ರಿ ಹತ್ತು ಗಂಟೆ, ‘ಬೀದಿದೀಪದ ಬೆಳಕಿನಲ್ಲಿ ಕಂಡೆ’ ಎಂದಿರುತ್ತಾರೆ. ಲೋಕೋಪಯೋಗಿ ಇಲಾಖೆಯ ಎಂಜಿನಿಯರ್ ಬರೆದ ಸ್ಥಳದ ನಕ್ಷೆಯಲ್ಲಿ ಆ ಕಂಬ ಇದೆಯೇ? ಸ್ಥಳ ಪಂಚನಾಮೆಯಲ್ಲಿ ಇದೆಯೇ? ಆ ಹೊತ್ತಿಗೆ ಕರೆಂಟ್ ಇತ್ತು ಎನ್ನಲು ಹೆಸ್ಕಾಂನದೋ ಬೆಸ್ಕಾಂನದೋ ಪತ್ರ ಹಾಜರಾಗಿದೆಯೇ? ಕಂಬವೇ ಇಲ್ಲದ ನಕ್ಷೆ ರಕ್ತದ ಗುಂಪಿಗಿಂತ ಹತ್ತು ಪಾಲು ಉಪಯೋಗಕ್ಕೆ ಬರುತ್ತದೆ. ಎಷ್ಟು ಏಟು, ಎಡಕ್ಕೋ ಬಲಕ್ಕೋ ಎಂಬ ಚಿಲ್ಲರೆ ವ್ಯತ್ಯಾಸಗಳನ್ನು ಮಾತ್ರ ಪಟ್ಟಿ ಮಾಡಿಕೊಂಡು ಹೋಗಬೇಡಿ. ಕಂಡದ್ದನ್ನು ವಿಡಿಯೊದಂತೆ ಮರಳಿ ತೋರಿಸಲು ಯಾವ ಸಾಕ್ಷಿಗೂ ಆಗದು ಎಂದು ಸುಪ್ರೀಂ ಕೋರ್ಟ್ ಎಂದೋ ಹೇಳಿಯಾಗಿದೆ, ಪೀಠಕ್ಕೆ ಅದು ಬಾಯಿಪಾಠ.

ವಿಜ್ಞಾನ ಎಂದೊಡನೆ ತಲೆಬಾಗಬೇಕಿಲ್ಲ ಎಂಬುದಕ್ಕೆ ದೆಹಲಿಯ ಛಾವಲಾ ಪ್ರಕರಣ, ಅಂದರೆ ಯುವತಿಯೊಬ್ಬಳ ಅತ್ಯಾಚಾರ ಮತ್ತು ಕೊಲೆಯ ಪ್ರಕರಣ, ಇದೆ. ಡಿಎನ್‌ಎ ವರದಿ ಆರೋಪಿಗಳ ವಿರುದ್ಧವಾಗಿಯೇ ಇತ್ತು. ಆದರೂ 2022ರಲ್ಲಿ ಸುಪ್ರೀಂ ಕೋರ್ಟ್ ಮರಣದಂಡನೆಗೆ ಗುರಿಯಾಗಿದ್ದ ಮೂವರನ್ನು ಖುಲಾಸೆ ಮಾಡಿತು. 2012ರ ಫೆಬ್ರುವರಿ 14 ಮತ್ತು 16ರಂದು ವಶಪಡಿಸಿಕೊಂಡ ಮಾದರಿಗಳು ಪ್ರಯೋಗಾಲಯಕ್ಕೆ ಹೋದದ್ದು 27ಕ್ಕೆ. ಅಲ್ಲಿಯವರೆಗೆ ಪೊಲೀಸರ ಮಾಲ್‌ಖಾನೆಯಲ್ಲೇ (ವಶಪಡಿಸಿಕೊಂಡ ವಸ್ತುಗಳನ್ನಿಡುವ ಕೋಣೆಯಲ್ಲೇ) ಇದ್ದವು ಎಂಬುದೂ ಅದಕ್ಕೆ ಒಂದು ಕಾರಣ. ಆ ತೀರ್ಪಿನ ಬಗ್ಗೆ ಜನ ಸಿಟ್ಟಾದರು, ಸಿಟ್ಟು ಅರ್ಥವಾಗುತ್ತದೆ. ಆದರೂ ಮುದ್ದೆಮಾಲಿನ, ಅಂದರೆ ವಶಪಡಿಸಿಕೊಂಡ ವಸ್ತುಗಳ, ವಿಷಯದಲ್ಲಿ ತೀರ್ಪು ಸರಿ ಎಂದೇ ನನ್ನ ಅಭಿಪ್ರಾಯ.

ಹೈಕೋರ್ಟಿಗೆ ಸಾಕ್ಷಿಯ ಮುಖ ಕಾಣುವುದಿಲ್ಲ, ಕಾಗದ ಮಾತ್ರ ಕಾಣುತ್ತದೆ. ಹಾಗಾಗಿ ವೈದ್ಯರ ಮತ್ತು ಅಣ್ಣನ ಪಾಟಿ ಸವಾಲು, ಸ್ಥಳದ ನಕ್ಷೆ, ಎಫ್‌ಐಆರ್ ಮ್ಯಾಜಿಸ್ಟ್ರೇಟರ ಕೈಸೇರಿದ ಹೊತ್ತು ನಮೂದಾಗಿರುವ ಪ್ರತಿ, ಇವುಗಳ ದೃಢೀಕೃತ ನಕಲುಗಳನ್ನು ಮೊದಲು ತೆಗೆಸಿ. ಅಪೀಲಿಗೆ 60 ದಿನಗಳ ಕಾಲಾವಕಾಶವಿದೆ. ಶಿಕ್ಷೆ ಅಮಾನತಿನಲ್ಲಿಟ್ಟು ಜಾಮೀನು ನೀಡುವಂತೆ ಕೋರುವ ಅರ್ಜಿಯನ್ನೂ ಜೊತೆಗೇ ಹಾಕಿಸಿ. ವಕೀಲರ ಶುಲ್ಕ ಹೊಂದಿಸುವುದು ಕಷ್ಟವಾದರೆ, ಬಂಧನದಲ್ಲಿರುವವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ನೆರವು ಸಿಗುತ್ತದೆ. ಹೈಕೋರ್ಟ್ ಕಾನೂನು ಸೇವೆಗಳ ಸಮಿತಿಗೆ ಜೈಲಿನ ಮೂಲಕವೇ ಅರ್ಜಿ ಕಳುಹಿಸಬಹುದು.