ಬಂಡೆಗಳು ಗುರುತ್ವ ಬಗ್ಗಿಸುವ ಲೋಕ: ಓದುಗರನ್ನು ನಂಬಿಸುವುದು ಹೇಗೆ?
ನಿಮ್ಮ ಕಥೆಯ ಲೋಕದಲ್ಲಿ ಗುರುತ್ವವನ್ನೇ ಬಗ್ಗಿಸುವ ಬಂಡೆಗಳಿವೆ, ಓದುಗರು ನಂಬುವ ಹಾಗೆ ಬರೆಯೋದು ಹೇಗೆ ಅಂತ ಕೇಳಿದ್ದೀರಿ. ಸುಮ್ನೆ ಗಾಳಿಯಲ್ಲಿ ತೇಲಿಸಬೇಡಿ, ನೋಡಿ ನೋಡಿ ಸಾಕಾಗಿದೆ. ನಿಜವಾದ ಬೆಟ್ಟಗಳೂ ಎಳೆಯುತ್ತವೆ, ಗೊತ್ತಲ್ವಾ? 1774ರಲ್ಲಿ ಖಗೋಳ ವಿಜ್ಞಾನಿ ಮಾಸ್ಕಲೈನ್ ಸ್ಕಾಟ್ಲೆಂಡಿನ ಶಿಹಾಲಿಯನ್ ಬೆಟ್ಟದ ಎರಡೂ ಪಕ್ಕದಲ್ಲಿ ನಕ್ಷತ್ರಗಳನ್ನು ಗುರುತಾಗಿ ಇಟ್ಟುಕೊಂಡು, ದಾರಕ್ಕೆ ಕಟ್ಟಿದ ತೂಕದ ಗುಂಡು ಬೆಟ್ಟದ ಕಡೆ ಎಷ್ಟು ವಾಲುತ್ತದೆ ಅಂತ ಅಳೆದರು. ಡಿಗ್ರಿಯ ಸಾವಿರದಲ್ಲಿ ಒಂದೆರಡು ಪಾಲು, ಅಷ್ಟೇ.

ನೀವು ಕಥೆಯಲ್ಲಿ ಆ ಎಳೆತವನ್ನೇ ಹತ್ತು ಸಾವಿರ ಪಟ್ಟು ಜಾಸ್ತಿ ಮಾಡಿ. ಗುಂಡು ಸುಮಾರು 16 ಡಿಗ್ರಿ ವಾಲುತ್ತದೆ. ಆಗ ಕೊಡದ ನೀರು ಬಂಡೆಯ ಕಡೆ ಏರಿ ನಿಲ್ಲುತ್ತದೆ, ಗಾರೆಯವರು ಗುಂಡು ಹಿಡಿದು ನೆಟ್ಟಗೆ ಕಟ್ಟಿದ ಗೋಡೆ ದೂರದಿಂದ ನೋಡುವವರಿಗೆ ಸೊಟ್ಟ, ಸಮನೆಲದಲ್ಲಿ ಬಂಡೆಯತ್ತ ನಡೆದರೆ ಇಳಿಜಾರು, ವಾಪಸ್ ಬರೋದು ಏರು. ಆದರೆ ಕಲ್ಲು ಎಳೆಯುತ್ತದೆಯೇ ಹೊರತು ತಳ್ಳುವುದಿಲ್ಲ. ತೇಲಲೇಬೇಕು ಅಂದ್ರೆ ಬೇರೆ ಕಾರಣ ಕೊಡಿ.