ಮೂರೇ ಚಿತ್ರ ಮಾಡಿದ ಸ್ಟೆವ್‌ನಾಂ

ಪ್ರಶ್ನೆ: ಫ್ರೆಂಚ್ ನಟ ಝಾಂ-ಫ್ರಾಂಸ್ವಾ ಸ್ಟೆವ್‌ನಾಂ ನಿರ್ದೇಶಿಸಿದ್ದು ಮೂರೇ ಚಿತ್ರವಂತೆ. ಯಾವುದನ್ನು ಮೊದಲು ನೋಡಲಿ?

ಉತ್ತರ: ಹೌದು, ಮೂರೇ: ‘ಪಾಸ್ ಮೊಂತಾಞ್’ (1978), ‘ದೂಬ್ಲ್ ಮೆಸ್ಯೂ’ (1986), ‘ಮಿಶ್ಕಾ’ (2002). ನಡುವಿನ ವರ್ಷಗಳೆಲ್ಲ ನಟನೆಗೇ ಹೋದವು. ಫ್ರೆಂಚ್ ನಿರ್ದೇಶಕ ಫ್ರಾಂಸ್ವಾ ತ್ರೂಫೋಗೆ ಸಹಾಯಕರಾಗಿದ್ದವರು, ತ್ರೂಫೋರದೇ 1976ರ ಚಿತ್ರ ‘ಲಾರ್ಝಾಂ ದ ಪೋಶ್’ನಲ್ಲಿ ಶಾಲಾ ಮೇಷ್ಟರಾದರು. ಕೊನೆಯಲ್ಲಿ ಮಕ್ಕಳೆದುರು ಆಡುವ ಮಾತಿಗಾಗಿಯೇ ಅದನ್ನು ನೋಡಬೇಕು.

‘ಪಾಸ್ ಮೊಂತಾಞ್’ನಿಂದಲೇ ಶುರುಮಾಡಿ. ಹೆದ್ದಾರಿಯಲ್ಲಿ ಕಾರು ಕೆಟ್ಟುನಿಂತ ಆರ್ಕಿಟೆಕ್ಟ್ (ಝಾಕ್ ವಿಲ್‌ರೆ), ಅವನನ್ನು ಪೂರ್ವ ಫ್ರಾನ್ಸಿನ ಝುರಾ ಬೆಟ್ಟದ ಹಳ್ಳಿಗೆ ಕರೆದೊಯ್ಯುವ ಮೆಕ್ಯಾನಿಕ್: ಅದು ಸ್ವತಃ ಸ್ಟೆವ್‌ನಾಂ. ಅವರು 1944ರಲ್ಲಿ ಹುಟ್ಟಿದ್ದೂ ಝುರಾ ಸೀಮೆಯಲ್ಲೇ. ಕಾರು ಯಾವಾಗ ರಿಪೇರಿಯಾಗುತ್ತದೆಂದು ಕಾಯುತ್ತ ಕೂತರೆ ಬೇಸರ ಬರುತ್ತದೆ. ಇಬ್ಬರ ನಡುವೆ ಬೆಳೆಯುವ ಸಲುಗೆಯನ್ನು ಗಮನಿಸಿ, ಚಿತ್ರ ಇರುವುದು ಅಲ್ಲಿ. 2021ರಲ್ಲಿ ಅವರು ತೀರಿಕೊಂಡರು. ನಾಲ್ಕನೆಯ ಚಿತ್ರ ಬರಲೇ ಇಲ್ಲ.