ಓದುಗರ ಪ್ರಶ್ನೆ: ಮಗು ಅಳುವ ಮನೆಯ ಕದ ತಟ್ಟಬಹುದೇ?

ಪ್ರಶ್ನೆ: ನಮ್ಮ ಮೇಲಿನ ಮನೆಯಲ್ಲಿ ಎರಡು ತಿಂಗಳ ಕೂಸಿನೊಂದಿಗೆ ತಾಯಿ ಒಬ್ಬರೇ ಇರುತ್ತಾರೆ, ಪತಿ ಬೇರೆ ಊರಿನಲ್ಲಿ ಕೆಲಸದಲ್ಲಿದ್ದಾರೆ. ಸಂಜೆಯಾಯಿತೆಂದರೆ ಮಗು ಗಂಟೆಗಟ್ಟಲೆ ಅಳುತ್ತದೆ, ಆಕೆ ಅದರ ಮೇಲೆ ಕಿರುಚುವುದೂ ಕೇಳಿಸುತ್ತದೆ. ಹೊಡೆದದ್ದನ್ನು ನಾನು ಕಂಡಿಲ್ಲ. ದೂರು ಕೊಟ್ಟರೆ ಒಂದು ಸಂಸಾರ ಒಡೆದೀತೆಂಬ ಅಂಜಿಕೆ, ಸುಮ್ಮನಿದ್ದರೆ ಮಗುವಿಗೆ ಏನಾದೀತೋ ಎಂಬ ಆತಂಕ. ಏನು ಮಾಡಲಿ?
– ಹೆಸರು ಬೇಡ

ಉತ್ತರ: ದೂರು ಕೊಡುವುದು, ಇಲ್ಲವೇ ಸುಮ್ಮನಿರುವುದು, ಇವೆರಡೇ ದಾರಿ ಎಂದು ನೀವು ಭಾವಿಸಿದಂತಿದೆ. ನಿಮ್ಮ ಪತ್ರದಲ್ಲಿರುವಷ್ಟು ವಿವರವನ್ನು ನೋಡಿದರೆ, ಈಗ ಆಗಬೇಕಾದ ಮೊದಲ ಕೆಲಸ ಇವೆರಡೂ ಅಲ್ಲ; ಕದ ತಟ್ಟಿ ಆ ತಾಯಿಗೆ ರಾತ್ರಿ ನಿದ್ದೆಯಾಗುತ್ತಿದೆಯೇ ಎಂದು ವಿಚಾರಿಸುವುದು. ಮಗು ಯಾಕಿಷ್ಟು ಅಳುತ್ತದೆ ಎಂದು ಮಾತು ತೆಗೆಯಬೇಡಿ, ಅದು ಆಕ್ಷೇಪದಂತೆ ಕೇಳಿಸುತ್ತದೆ.

ಆರೋಗ್ಯವಂತ ಶಿಶುಗಳ ಅಳು ಹುಟ್ಟಿದ ಎರಡು ವಾರದ ಹೊತ್ತಿಗೆ ಹೆಚ್ಚತೊಡಗಿ, ಎರಡನೆಯ ತಿಂಗಳಿನಲ್ಲಿ ತುತ್ತತುದಿಗೇರಿ, ನಾಲ್ಕೈದು ತಿಂಗಳಾಗುವಷ್ಟರಲ್ಲಿ ಇಳಿಯುತ್ತದೆ. ಸಂಜೆಯ ವೇಳೆ ಅದು ಹೆಚ್ಚು. ಹಾಲೂಡಿಸಿದರೂ ಎತ್ತಿಕೊಂಡರೂ ಕೆಲವೊಮ್ಮೆ ನಿಲ್ಲುವುದಿಲ್ಲ. ಇದು ತಿಳಿಯದ ತಾಯಿ ತನ್ನಲ್ಲೇ ಏನೋ ಕೊರತೆಯಿದೆ ಎಂದುಕೊಳ್ಳುತ್ತಾಳೆ, ನಿದ್ದೆಗೆಟ್ಟ ಆ ಸ್ಥಿತಿಯಲ್ಲಿ ಸಿಟ್ಟು ನೆತ್ತಿಗೇರಿದಾಗ ಮಗುವನ್ನು ಹಿಡಿದು ಅಲುಗಾಡಿಸಿಬಿಡುವ ಅಪಾಯವಿದೆ. ಶಿಶುವಿನ ತಲೆ ಮೈಯ ಅಳತೆಗೆ ಹೋಲಿಸಿದರೆ ದೊಡ್ಡದು, ಭಾರ; ಕತ್ತು ಎಳಸು. ಕೆಲವೇ ಕ್ಷಣ ಜೋರಾಗಿ ಅಲುಗಾಡಿಸಿದರೂ ಮಿದುಳಿನ ಸುತ್ತ ಮತ್ತು ಕಣ್ಣಿನೊಳಗೆ ರಕ್ತಸ್ರಾವವಾಗಬಹುದು, ಮೈಮೇಲೆ ಒಂದು ಗಾಯವೂ ಕಾಣದೆ ಮಗು ಜೀವಮಾನವಿಡೀ ನರಳಬಹುದು ಅಥವಾ ಸಾಯಬಹುದು. ಆದ್ದರಿಂದ ಆಕೆಗೆ ಹೇಳಬೇಕಾದದ್ದು ಇಷ್ಟು: ತಾಳ್ಮೆ ತಪ್ಪುತ್ತಿದೆ ಎನ್ನಿಸಿದ ಕೂಡಲೇ ಮಗುವನ್ನು ಸುರಕ್ಷಿತವಾದ ಸಮತಟ್ಟು ಹಾಸಿಗೆಯಲ್ಲಿ ಅಂಗಾತ ಮಲಗಿಸಿ, ಕೋಣೆಯಿಂದ ಹೊರಬಂದು ಹತ್ತು ನಿಮಿಷ ಕೂತುಕೊಳ್ಳಿ. ಅಷ್ಟು ಹೊತ್ತು ಅತ್ತರೆ ಮಗುವಿಗೆ ಏನೂ ಆಗುವುದಿಲ್ಲ. ಆ ಹತ್ತು ನಿಮಿಷ ನೀವೇ ಮಗುವನ್ನು ಎತ್ತಿಕೊಂಡರೆ ಇನ್ನೂ ಒಳ್ಳೆಯದು. ಜ್ವರ, ವಾಂತಿ ಅಥವಾ ಹಾಲು ಕುಡಿಯದಿರುವುದು ಅಳುವಿನ ಜೊತೆಗಿದ್ದರೆ ವೈದ್ಯರ ಬಳಿಗೆ ಕರೆದೊಯ್ಯಬೇಕು. ತಾಯಿಗೆ ಸದಾ ಕಣ್ಣೀರು, ಯಾವುದರಲ್ಲೂ ಆಸಕ್ತಿಯಿಲ್ಲದಿರುವಿಕೆ ಇದ್ದರೆ ಅದು ಹೆರಿಗೆಯ ನಂತರದ ಖಿನ್ನತೆಯಾಗಿರಬಹುದು, ಅದಕ್ಕೆ ಚಿಕಿತ್ಸೆಯಿದೆ.

ಇದೆಲ್ಲ ಬರಿಯ ಒಳ್ಳೆಯ ಮಾತೇ ಎಂದು ನೀವು ಕೇಳಬಹುದು. ಅಮೆರಿಕದ ನ್ಯೂಯಾರ್ಕ್ ರಾಜ್ಯದ ಎಲ್‌ಮೈರಾದಲ್ಲಿ 1970ರ ದಶಕದ ಕೊನೆಯಲ್ಲಿ ಡೇವಿಡ್ ಓಲ್ಡ್ಸ್ ಮತ್ತು ಸಂಗಡಿಗರು ಚೊಚ್ಚಲ ತಾಯಂದಿರ ಮನೆಗಳಿಗೆ ಗರ್ಭಾವಸ್ಥೆಯಿಂದ ಮಗುವಿಗೆ ಎರಡು ವರ್ಷ ತುಂಬುವವರೆಗೆ ದಾದಿಯರನ್ನು ಕಳುಹಿಸಿದರು. 15 ವರ್ಷಗಳ ನಂತರ ನೋಡಿದಾಗ, ದಾದಿಯರ ಭೇಟಿಯಿಲ್ಲದ ಕುಟುಂಬಗಳಿಗೆ ಹೋಲಿಸಿದರೆ ಇವರಲ್ಲಿ ದೃಢಪಟ್ಟ ದೌರ್ಜನ್ಯ ಮತ್ತು ನಿರ್ಲಕ್ಷ್ಯದ ಪ್ರಕರಣಗಳು ಸುಮಾರು ಅರ್ಧದಷ್ಟಿದ್ದವು. ಆ ದಾದಿಯರು ತನಿಖೆಗೆ ಹೋದವರಲ್ಲ, ನೆರವಿಗೆ ಹೋದವರು. ನಮ್ಮಲ್ಲಿ ಚರ್ಚೆ ಶಿಕ್ಷೆಯ ಸುತ್ತಲೇ ಸುತ್ತುವುದನ್ನು ಕಂಡಾಗ ನನಗೆ ಬೇಸರವಾಗುತ್ತದೆ. ಶಿಕ್ಷೆಯ ಮಾತು ಬರುವ ಹೊತ್ತಿಗೆ ಮಗುವಿಗೆ ಪೆಟ್ಟಾಗಿ ಹೋಗಿರುತ್ತದೆ.

ಆದರೆ ನೆರವಿಗೂ ಒಂದು ಎಲ್ಲೆಯಿದೆ. ಮಗುಚಿಕೊಳ್ಳಲೂ ಬಾರದ ಕೂಸು ತಾನಾಗಿ ಬಿದ್ದು ಪೆಟ್ಟು ಮಾಡಿಕೊಳ್ಳುವುದು ಅಪರೂಪ. ಅಂಥ ಕೂಸಿನ ಮೈಯಲ್ಲಿ ಎಲ್ಲಿಯೇ ಆಗಲಿ, ಅದರಲ್ಲೂ ಕಿವಿ, ಕತ್ತು, ಎದೆ, ಹೊಟ್ಟೆಗಳ ಮೇಲೆ, ನೀಲಿಗಟ್ಟಿದ ಗುರುತು ಕಂಡರೆ ಅಂದೇ ವೈದ್ಯರು ನೋಡಬೇಕು. ಹುಟ್ಟುಮಚ್ಚೆಯೂ ನೀಲಿಯಾಗಿರಬಹುದಾದ್ದರಿಂದ ತೀರ್ಮಾನ ಅವರದು, ನಿಮ್ಮದಲ್ಲ. ಮಗುವನ್ನು ಅಲುಗಾಡಿಸಿದ್ದನ್ನೋ ಹೊಡೆದದ್ದನ್ನೋ ಕಂಡರೆ ಮಕ್ಕಳ ರಕ್ಷಣಾ ಅಧಿಕಾರಿಗಳಿಗೆ ತಡಮಾಡದೆ ತಿಳಿಸಿ. ಅನುಮಾನಕ್ಕೆ ಕಾರಣವಿದ್ದರೆ ಸಾಕು, ಸಾಕ್ಷ್ಯ ಹುಡುಕುವ ಹೊಣೆ ನಿಮ್ಮದಲ್ಲ.

ಪ್ರಶ್ನೆ: ಐದು ವರ್ಷದ ಮಗಳಿಗೆ ಒಳ್ಳೆಯ ಸ್ಪರ್ಶ, ಕೆಟ್ಟ ಸ್ಪರ್ಶದ ಬಗ್ಗೆ ಹೇಳಿಕೊಟ್ಟಿದ್ದೇವೆ. ಇಷ್ಟು ಸಾಕೇ?
– ಒಬ್ಬ ತಂದೆ

ಉತ್ತರ: ಸಾಲದು. ಮಕ್ಕಳ ಮೇಲೆ ಲೈಂಗಿಕ ದೌರ್ಜನ್ಯ ಎಸಗುವವರಲ್ಲಿ ಹೆಚ್ಚಿನವರು ಮಗುವಿಗೆ ಪರಿಚಿತರು, ಎಷ್ಟೋ ಸಲ ಮನೆಯವರ ನಂಬಿಕೆ ಗಳಿಸಿದವರು. ಅವರ ಸ್ಪರ್ಶ ಮೊದಲಿಗೆ ಕೆಟ್ಟದೆನ್ನಿಸದೆಯೂ ಇರಬಹುದು. ಹಾಗಾಗಿ ಅಂಗಗಳ ಸರಿಯಾದ ಹೆಸರುಗಳ ಜೊತೆಗೆ, ‘ಅಪ್ಪ ಅಮ್ಮನಿಗೆ ಹೇಳಬೇಡ’ ಎಂದು ಯಾರೇ ಹೇಳಿದರೂ ಅದನ್ನೇ ಮೊದಲು ಬಂದು ಹೇಳಬೇಕು ಎಂಬುದನ್ನೂ ಕಲಿಸಿ. ಒಲ್ಲದ ಮಗುವನ್ನು ಯಾರ ತೊಡೆಯ ಮೇಲೂ ಬಲವಂತವಾಗಿ ಕೂರಿಸಬೇಡಿ. ಇಷ್ಟಾದರೂ ಐದು ವರ್ಷದ ಮಗು ತನ್ನನ್ನು ತಾನೇ ಕಾಯ್ದುಕೊಳ್ಳಬೇಕೆಂದು ನಿರೀಕ್ಷಿಸಲಾಗದು. ಆಕೆ ಯಾರೊಂದಿಗೆ ಒಂಟಿಯಾಗಿರುತ್ತಾಳೆ, ಮುಚ್ಚಿದ ಬಾಗಿಲಿನ ಹಿಂದೆ ಏನು ನಡೆಯುತ್ತದೆ ಎಂಬುದರ ಮೇಲೆ ಕಣ್ಣಿಡಬೇಕಾದವರು ನೀವು.

ಪ್ರಶ್ನೆ: ನಾನು ಶಿಕ್ಷಕಿ. ಮನೆಯಲ್ಲಿ ನಡೆಯುವ ಒಂದು ಸಂಗತಿ ಹೇಳುತ್ತೇನೆ, ಆದರೆ ಯಾರಿಗೂ ಹೇಳುವುದಿಲ್ಲವೆಂದು ಭಾಷೆ ಕೊಡಿ ಎಂದು ವಿದ್ಯಾರ್ಥಿಯೊಬ್ಬ ಕೇಳುತ್ತಿದ್ದಾನೆ. ಕೊಡಲೇ?
– ಓರ್ವ ಶಿಕ್ಷಕಿ

ಉತ್ತರ: ಕೊಡಬೇಡಿ. ‘ನಿನ್ನನ್ನು ಕಾಪಾಡಲು ಹೇಳಲೇಬೇಕಾದವರಿಗೆ ಮಾತ್ರ ಹೇಳುತ್ತೇನೆ, ಹೇಳುವ ಮುಂಚೆ ನಿನಗೆ ತಿಳಿಸುತ್ತೇನೆ’ ಎನ್ನಿ. ಅವನು ಮಾತಾಡುವಾಗ ಬಾಯಿಗೆ ಮಾತು ತುರುಕದೆ, ‘ಆಮೇಲೆ?’ ಎಂಬಷ್ಟರಲ್ಲೇ ನಿಲ್ಲಿಸಿ. ಅಪ್ಪ ಹೊಡೆದರೇ ಎಂದು ನೀವೇ ಸೂಚಿಸಿದರೆ ಮುಂದೆ ವಿಚಾರಣೆಯಲ್ಲಿ ಮಗುವಿನ ಹೇಳಿಕೆಯೇ ಸಂಶಯಕ್ಕೀಡಾಗುತ್ತದೆ. ಅವನದೇ ಪದಗಳಲ್ಲಿ, ದಿನಾಂಕ ಮತ್ತು ಸಮಯದೊಂದಿಗೆ, ಅಂದೇ ಬರೆದಿಟ್ಟು, ಶಾಲೆಯಲ್ಲಿ ಮಕ್ಕಳ ರಕ್ಷಣೆಯ ಹೊಣೆ ಹೊತ್ತವರಿಗೂ ಸಂಬಂಧಪಟ್ಟ ಅಧಿಕಾರಿಗಳಿಗೂ ತಿಳಿಸಿ. ಆರೋಪ ಮನೆಯವರ ಮೇಲಿದ್ದರೆ ಅವರನ್ನು ನೀವೇ ಕರೆಸಿ ವಿಚಾರಿಸಬೇಡಿ, ಏಕೆಂದರೆ ಆ ಸಂಜೆ ಹುಡುಗ ಹಿಂತಿರುಗಬೇಕಾದದ್ದು ಅದೇ ಮನೆಗೆ.